ಅಕ್ಕಲಕೋಟದಲ್ಲಿ ಇಳಿಯದ ದಿನ

ಲಕ್ಷ್ಮೀಬಾಯಿ ಅಕ್ಕಲಕೋಟದಲ್ಲಿ ಇಳಿಯದೆ ಸೊಲ್ಲಾಪುರಕ್ಕೆ ಹೋದದ್ದು ತನ್ನ ಐವತ್ತೆಂಟು ವರ್ಷದ ಆಯುಷ್ಯದಲ್ಲಿ ಒಂದೇ ಸಲ. ಅದೂ ಸೊಸೆಯ ಮಣಿಕಟ್ಟು ಹಿಡಿದುಕೊಂಡು, ಗಂಡನ ಎದುರು ದನಿ ಎತ್ತಿ, ಎಸ್‌ಟಿ ಬಸ್ಸಿನ ಅಷ್ಟೂ ಜನ ತಿರುಗಿ ನೋಡುವಂತೆ.

ಮೈಂದರ್ಗಿಯ ಆ ಮನೆಯವರಿಗೆ ಸೊಲ್ಲಾಪುರದ ದಾರಿಯೆಂದರೆ ಅಕ್ಕಲಕೋಟವನ್ನು ಹಾಯ್ದು ಹೋಗುವ ದಾರಿಯಲ್ಲ, ಅಕ್ಕಲಕೋಟದಲ್ಲಿ ಇಳಿದು ಹೋಗುವ ದಾರಿ. ಕೋರ್ಟಿನ ತಾರೀಖಿಗೆ ಹೊರಡಲಿ, ಮದುವೆಯ ಸೀರೆ ತರಲು ಹೊರಡಲಿ, ಸ್ವಾಮಿ ಸಮರ್ಥರ ಗುಡಿಯಲ್ಲಿ ಹಣೆ ಹಚ್ಚದೆ ಮುಂದಿನ ಬಸ್ಸು ಹತ್ತುವಂತಿರಲಿಲ್ಲ. ಹಣೆ ಹಚ್ಚುವುದಕ್ಕೂ ಒಂದು ರೀತಿ ಇತ್ತು. ಲಕ್ಷ್ಮೀಬಾಯಿಗೆ ಅವಳ ಅತ್ತೆ ಹೇಳಿಕೊಟ್ಟದ್ದು, ಅತ್ತೆಗೆ ಅತ್ತೆಯ ಅತ್ತೆ. ಮೊದಲು ನಳದ ಕೆಳಗೆ ನಿಂತು ಬೊಗಸೆ ಬೊಗಸೆ ತಣ್ಣೀರು ಮುಖಕ್ಕೆ ಹೊಡೆದುಕೊಳ್ಳಬೇಕು. ಆಮೇಲೆ ಉಸಿರು ಬಿಗಿಹಿಡಿದು, ಹೊಟ್ಟೆ ಒತ್ತಿ ಬಗ್ಗಿ, ಹಣೆ ನೆಲಕ್ಕೆ ತಾಗಿಸಿ, ಮನಸ್ಸಿನೊಳಗೇ ಹನ್ನೊಂದು ಸಲ ಸ್ವಾಮಿಯ ಹೆಸರು ಹೇಳಬೇಕು. ನಡುವೆ ಉಸಿರು ಬಿಟ್ಟರೆ ಮತ್ತೆ ಒಂದರಿಂದ.

ಸೊಸೆ ದೀಪಾಲಿ ನಾಗಣಸೂರದ ಹುಡುಗಿ. ಹನ್ನೆರಡನೆಯ ಇಯತ್ತೆ ಓದಿ ಮುಗಿಸಿ, ಇಪ್ಪತ್ತಕ್ಕೆ ಸಿದ್ಧರಾಮನ ಹೆಂಡತಿಯಾಗಿ ಬಂದವಳು. ಬಂದ ತಿಂಗಳೊಳಗೆ ಅತ್ತೆ-ಸೊಸೆ ಒಂದೇ ಅಡಿಗೆಮನೆಯಲ್ಲಿ ಹಿಟ್ಟು ನಾದುವ ಎರಡು ಮರದ ಕೊಮ್ಮೆ ಇಟ್ಟುಕೊಂಡು ಎದುರುಬದುರು ಕೂತು ರೊಟ್ಟಿ ಬಡಿಯತೊಡಗಿದರು. ಎರಡು ಅಂಗೈ, ಒಂದೇ ಸಪ್ಪಳ. ಹೊರಗೆ ಕಟ್ಟೆಯ ಮೇಲೆ ಕೂತವರಿಗೆ ಒಳಗೆ ಒಬ್ಬಳೇ ಇದ್ದಾಳೆ ಅನ್ನಿಸುತ್ತಿತ್ತು. ಹೊಟ್ಟೆಯಲ್ಲಿ ಹೆಣ್ಣು ಹುಟ್ಟದ ಲಕ್ಷ್ಮೀಬಾಯಿಗೆ ಆ ಸಪ್ಪಳ ಎಷ್ಟು ಬೇಕಾಗಿತ್ತೆಂದು ಅವಳು ಯಾರಿಗೂ ಹೇಳಿದವಳಲ್ಲ.

ಮದುವೆಯಾದ ನಾಲ್ಕನೆಯ ತಿಂಗಳು ಕಸ ಗುಡಿಸಲು ಬಗ್ಗಿದ ದೀಪಾಲಿಯ ಎದೆ ಓಡಲಾರಂಭಿಸಿತು. ಯಾರೋ ಬಟನ್ ಒತ್ತಿದ ಹಾಗೆ ಶುರು. ಕೆಲವೊಮ್ಮೆ ಎರಡು ಮಿನಿಟು, ಕೆಲವೊಮ್ಮೆ ಎರಡು ತಾಸು. ಆಮೇಲೆ ಬಟನ್ ಒತ್ತಿದ ಹಾಗೇ ಬಂದ್. ತಿಂಗಳಿಗೆ ಒಂದೆರಡು ಸಲ ಹೀಗಾಗತೊಡಗಿತು.

ಹೆಣ್ಣಿನ ಎದೆ ಓಡಿದರೆ ಹೆಸರಿಡುವವರಿಗೆ ನಮ್ಮಲ್ಲಿ ಎಂದೂ ಬರಗಾಲ ಬಂದಿಲ್ಲ. ಪಕ್ಕದ ಮನೆಯ ಸುಗಲಾಬಾಯಿ 'ಮೈಯಾಗ ಬರತೈತಿ' ಅಂದಳು. ಮಾವ ಕಲ್ಲಣ್ಣ 'ಸೋಂಗ' ಅಂದ; ಕೆಲಸ ತಪ್ಪಿಸುವ ನಾಟಕ. ಗಂಡ ಸಿದ್ಧರಾಮ ಏನೂ ಅನ್ನಲಿಲ್ಲ. ಅಪ್ಪ ಮಾತಾಡುವಾಗ ತನ್ನ ಕಾಲಿನ ಉಗುರು ನೋಡಿಕೊಳ್ಳುವುದು ಅವನ ಅಭ್ಯಾಸ. ಸೊಲ್ಲಾಪುರದ ಧರ್ಮಾರ್ಥ ದವಾಖಾನೆಯಲ್ಲಿ ಡಾಕ್ಟರ ದಿಗಂಬರ ಅದಕ್ಕೆ ಇಸ್ತ್ರಿ ಮಾಡಿದ ಹೆಸರು ಕೊಟ್ಟರು: ಟೆನ್ಶನ್. ಎರಡು ಸಲ ಅಲ್ಲಿ ಇಸಿಜಿ ತೆಗೆದರು. ಎರಡು ಸಲವೂ ಕಾಗದದ ಮೇಲೆ ಸಮಾಧಾನದ ಗೆರೆ.

“ಮಾವಶಿ, ನಿಮ್ಮ ಸೊಸಿ ಎದಿ ಫಸ್ಟ್‌ಕ್ಲಾಸ್ ಅದ. ಅಕಿಗಿ ಮನ್ಯಾಗ ಯಾರೂ ಬೈಬ್ಯಾಡ್ರಿ, ಅಷ್ಟ ಸಾಕು,” ಎಂದು ಲಕ್ಷ್ಮೀಬಾಯಿಗೆ ಹೇಳಿ, ಕೇಸ್ ಪೇಪರಿನ ಮೇಲೆ ಅದೇ ಹೆಸರು ಗೀಚಿ ಕೊಟ್ಟಿದ್ದರು.

ಯಂತ್ರ ಸುಳ್ಳು ಹೇಳಿರಲಿಲ್ಲ. ಹುಡುಗಿಯೂ ಸುಳ್ಳು ಹೇಳಿರಲಿಲ್ಲ. ಇಬ್ಬರ ನಡುವೆ ಅಕ್ಕಲಕೋಟ ಇತ್ತು.

ಅದನ್ನು ಮೊದಲು ಕಂಡುಹಿಡಿದವಳು ಡಾಕ್ಟರ ಶರ್ವರಿ. ಅದೇ ದವಾಖಾನೆಗೆ ಹೊಸದಾಗಿ ಬಂದಿದ್ದಳು. ಇಪ್ಪತ್ತೇಳೋ ಇಪ್ಪತ್ತೆಂಟೋ ವಯಸ್ಸು, ಜಡೆ ಸುತ್ತಿ ಪೆನ್ನು ಚುಚ್ಚಿಕೊಂಡವಳು. ದೀಪಾವಳಿಯ ಮುಂದೆ ಮೂರನೆಯ ಸಲ ಹೋದಾಗ ಅವಳು ಯಂತ್ರ ಮುಟ್ಟುವ ಮೊದಲು ಕೇಳಿದಳು:

“ಎದಿ ಹೆಂಗ ಬಡಕೋತದ? ಈ ಟೇಬಲ್ ಮ್ಯಾಲ ಬಡದು ತೋರಸ್ರಿ ನೋಡೂಣು.”

ದೀಪಾಲಿ ನಾಚಿಕೊಂಡಳು. ಲಕ್ಷ್ಮೀಬಾಯಿ ಸೆರಗು ಸರಿಸಿ ಮುಂದೆ ಬಂದಳು. “ನಾ ತೋರಸ್ತೀನ್ರಿ. ಅಕಿ ಮಣಿಕಟ್ಟ ಹಿಡದು ಕುಂತಾಕಿ ನಾನ.”

ಟೇಬಲ್ಲಿನ ಮೇಲೆ ಅಂಗೈ ಇಟ್ಟು, ರೊಟ್ಟಿ ಬಡಿಯುವ ನಾಲ್ಕು ಬೆರಳಲ್ಲಿ ಬಡಿಯತೊಡಗಿದಳು. ಪಟಪಟಪಟಪಟ. ಶರ್ವರಿ ಕೈಗಡಿಯಾರ ನೋಡುತ್ತ ಎಣಿಸಿದಳು.

“ನಡುವ ಒಮ್ಮಿನೂ ತಪ್ಪಂಗಿಲ್ಲೇನು? ಒಂದ ಗಡಬಡಿ, ಒಂದ ಸಾವಕಾಶ, ಹಂಗ?”

“ತಪ್ಪಿದ್ರ ರೊಟ್ಟಿ ಹರದು ಹೋಗತಿತ್ರಿ ಬಾಯಾರ. ಇದು ಹರಿಯಂಗಿಲ್ಲ. ಒಂದ ಅಳತಿ.”

“ಮತ್ತ ಕುತ್ತಿಗಿ?”

“ಕುತ್ತಿಗಿಯೊಳಗ ಕಪ್ಪಿ ಕುಂತು ಉಸರಾಡಿದಂಗ ಕಾಣತೈತ್ರಿ.”

ಶರ್ವರಿಯ ಪೆನ್ನು ನಿಂತಿತು. “ಓಡೂದು ನಿಂತ ಮ್ಯಾಲ ಏನಾಗತದ?” ಎಂದು ದೀಪಾಲಿಯ ಕಡೆ ಬಗ್ಗಿ ಕೇಳಿದಳು. ಹುಡುಗಿ ಅವಳ ಕಿವಿಯಲ್ಲಿ, ಮೇಲಿಂದ ಮೇಲೆ ಒಂದಕ್ಕೆ ಹೋಗಬೇಕಾಗುತ್ತದೆ ಎಂದಳು. ಇಷ್ಟು ದಿನ ಯಾರೂ ಕೇಳಿರಲಿಲ್ಲ. ಕೇಳದಿದ್ದದ್ದನ್ನು ಅವಳಾಗಿ ಹೇಳುವ ರೀತಿ ಅವಳಿಗೆ ಯಾರೂ ಕಲಿಸಿರಲಿಲ್ಲ.

“ಇವತ್ತು ಮೈಂದರ್ಗಿಯಾಗ ಶುರುವಾಗಿತ್ತು ಅಂತೀರಿ. ಇಲ್ಲಿ ಬರೂದರಾಗ ನಿಂತದ. ದಾರ್ಯಾಗ ಎಲ್ಲೆ ಇಳದಿದ್ರಿ?”

“ಎಲ್ಲೂ ಇಲ್ರಿ. ಅಕ್ಕಲಕೋಟದಾಗ ಸ್ವಾಮಿಗೊಳಿಗೆ ನಮಸ್ಕಾರ ಮಾಡಿದ್ವಿ, ಅಷ್ಟ.”

“ಹೆಂಗ ಮಾಡಿದ್ರಿ?”

ಲಕ್ಷ್ಮೀಬಾಯಿ ಹೇಳಿದಳು: ತಣ್ಣೀರು, ಉಸಿರು, ಹೊಟ್ಟೆ ಒತ್ತಿ ಬಗ್ಗುವುದು, ಹನ್ನೊಂದು ಹೆಸರು. ಹೇಳಿ ಮುಗಿಸುವಷ್ಟರಲ್ಲಿ ಶರ್ವರಿ ನಗುತ್ತಿದ್ದಳು. ಆದರೆ ಅದು ಹಳ್ಳಿಯವರನ್ನು ನೋಡಿ ನಗುವ ನಗು ಆಗಿರಲಿಲ್ಲ.

“ಮಾವಶಿ, ಕಳ್ಳನ್ನ ಹಿಡಕೊಂಡು ನನ್ನ ಹತ್ರ ಹೊಂಟಿರ್ತೀರಿ, ಅಕ್ಕಲಕೋಟದಾಗ ನೀವ ಬಿಟ್ಟು ಬರತೀರಿ! ಈಕಿ ಎದಿಯೊಳಗ ಹುಟ್ಟಿದಾಗಿಂದ ಒಂದು ಹೆಚ್ಚಿನ ಕಾಲದಾರಿ ಇದ್ದಂಗದ. ಎದಿ ಬಡಿಸೂ ಕರೆಂಟು ಅದರಾಗ ಹೊಕ್ಕು ಗಿರ್ರನೆ ತಿರಗತದ. ತಣ್ಣೀರು, ಉಸರ ಬಿಗಿ ಹಿಡದು ಒತ್ತೂದು, ಅದು ಖರೇನ ಔಷಧ. ನಾವೂ ಮೊದಲ ಅದನ್ನ ಮಾಡ್ತೀವಿ. ಆದ್ರ ಓಡೂಮುಂದ ಕಾಗದದ ಮ್ಯಾಲ ಸಿಗಲಿಲ್ಲಂದ್ರ ಯಾವ ದಾರಿ, ಯಾವ ಗುಳಗಿ ಅಂತ ನಾ ಹೆಂಗ ಹೇಳ್ಲಿ? ಮುಂದಿನ ಸಲ ಎಲ್ಲೂ ಇಳೀಬ್ಯಾಡ್ರಿ. ಓಡೂ ಎದಿನ ಹಂಗ ತೊಗೊಂಡ ಬರ್ರಿ.”

ಒಂದು ಚಿಠ್ಠಿ ಬರೆದು ಕೊಟ್ಟಳು. ಆಮೇಲೆ ನಗು ನುಂಗಿ, ಬೆರಳೆತ್ತಿ ಹೇಳಿದಳು: “ಒಂದ ಮಾತು. ಕಣ್ಣಿಗಿ ಕತ್ತಲಿ ಬಂದ್ರ, ಎದಿ ನೋಯಾಕ ಹತ್ತಿದ್ರ, ಮಾತು ತೊದಲಿದ್ರ, ಆ ಕಾಗದ ಹಾಳಾಗಿ ಹೋಗ್ಲಿ. ಅಲ್ಲೇ ನೀರ ಹಾಕ್ರಿ, ಹತ್ತರದ ದವಾಖಾನಿಗೆ ಒಯ್ರಿ. ಕಾಗದಕ್ಕಿಂತ ಹುಡುಗಿ ದೊಡ್ಡಾಕಿ.”

ಆ ಕೊನೆಯ ಮಾತನ್ನು ಲಕ್ಷ್ಮೀಬಾಯಿ ಸೆರಗಿನ ತುದಿಗೆ ಕಟ್ಟಿಕೊಂಡಂತೆ ಮನೆಗೆ ತಂದಳು.

ಮನೆಯಲ್ಲಿ ಕಾಗದವೇ ದೊಡ್ಡದಾಗಿತ್ತು. ಎಳ್ಳಮಾಸಿ, ಹೊಲ ಪೂಜಿಸುವ ಅಮಾವಾಸ್ಯೆ, ಹತ್ತಿರ ಬಂದಾಗ ಕಲ್ಲಣ್ಣ ತೀರ್ಪು ಕೊಟ್ಟ. ಅಮಾಸಿಯ ದಿನ ಹೊಲದ ಊಟಕ್ಕೆ ದೀಪಾಲಿಯ ಅಪ್ಪ ಬಸಣ್ಣ ನಾಗಣಸೂರದಿಂದ ಬರುತ್ತಾನೆ. ಉಂಡು ಹೋಗುವಾಗ ಮಗಳನ್ನೂ ಕರೆದುಕೊಂಡು ಹೋಗಲಿ.

“ಎಷ್ಟ ದಿನಕ್ಕ?” ಎಂದಳು ಲಕ್ಷ್ಮೀಬಾಯಿ.

“ದಿನ ಯಾಕ ಎಣಸ್ತಿ? ನನ್ನ ಮಗಂಗೇನು ಮತ್ತೊಂದು ಹೆಣ್ಣ ಸಿಗಂಗಿಲ್ಲೇನು? ಬ್ಯಾನಿ ಐತಿ ಅಂತ ಒಬ್ಬ ಡಾಕ್ಟರ ಒಂದ ಕಾಗದ ಕೊಡ್ಲಿ, ನಾ ಬಾಯಿ ಮುಚ್ತೀನಿ.”

ಸಿದ್ಧರಾಮ ಕಾಲಿನ ಉಗುರು ನೋಡಿಕೊಂಡ.

ಅಮಾಸಿಯ ಹಿಂದಿನ ದಿನ. ಆ ವರ್ಷ ಥಂಡಿ ಜಾಸ್ತಿ. ಹೊತ್ತು ಮೂಡಿ ಗೇಣಷ್ಟು ಏರಿತ್ತು. ಅತ್ತೆ-ಸೊಸೆ ಎಳ್ಳು ಹಚ್ಚಿದ ಸಜ್ಜೆ ರೊಟ್ಟಿ ಬಡಿಯುತ್ತಿದ್ದರು. ಹೊಲಕ್ಕೆ ಬರುವ ನಲವತ್ತು ಜನರಿಗೆ ಎರಡು ಬುಟ್ಟಿ ರೊಟ್ಟಿ ಆಗಬೇಕಿತ್ತು. ಒಂದೇ ಸಪ್ಪಳ ನಡೆದಿತ್ತು. ನಡುವೆ ಅದು ತೆಳ್ಳಗಾಯಿತು. ಲಕ್ಷ್ಮೀಬಾಯಿ ತಲೆ ಎತ್ತಿದಳು. ದೀಪಾಲಿಯ ಕೈ ಹಿಟ್ಟಿನ ಮೇಲೆ ಹಾಗೇ ನಿಂತಿತ್ತು. ಕುತ್ತಿಗೆಯಲ್ಲಿ ಕಪ್ಪೆ.

“ಬಂತು?”

“ಬಂತ್ರಿ ಅತ್ತಿ.”

ಲಕ್ಷ್ಮೀಬಾಯಿಯ ಕೈ ತಾನಾಗಿ ನೀರಿನ ಹರವಿಯ ಕಡೆ ಹೋಯಿತು. ಹೋದ ಕೈಯನ್ನು ಬೆಂಕಿ ತಾಗಿದವಳಂತೆ ಹಿಂದಕ್ಕೆ ಎಳೆದುಕೊಂಡಳು. ಒಲೆಯ ಉರಿ ಹಿಂದಕ್ಕೆ ಸರಿಸಿ, ಹಂಚಿನ ಮೇಲಿದ್ದ ರೊಟ್ಟಿ ತೆಗೆದು, ತಾಮ್ರದ ತಂಬಿಗೆಯಲ್ಲಿ ಹರವಿಯ ನೀರು ತುಂಬಿ ಬಾಯಿಗೆ ಒದ್ದೆ ಅರಿವೆ ಕಟ್ಟಿದಳು. ಬೇಕಾಗದಿರಲಿ, ಬೇಕಾದರೆ ಇರಲಿ. ಹಳೆಯ ಎರಡು ಕೇಸ್ ಪೇಪರು, ಚಿಠ್ಠಿ, ಎಲ್ಲ ಚೀಲಕ್ಕೆ ಬಿದ್ದವು.

ದುಧನಿಯಿಂದ ಬರುವ ಸೊಲ್ಲಾಪುರ ಎಸ್‌ಟಿ ಸಿಕ್ಕಿತು. ಅಮಾಸಿಯ ಸಂತೆ ಮಾಡಲು ಹೊರಟಿದ್ದ ಕಲ್ಲಣ್ಣನೂ ಅದೇ ಬಸ್ಸಿನಲ್ಲಿ. “ಮತ್ತ ಶುರುವಾತ ನೋಡು, ಎರಡ ಬುಟ್ಟಿ ರೊಟ್ಟಿ ಅಂದ ಕೂಡ್ಲೆ,” ಎಂದು ಯಾರಿಗೂ ಹೇಳದ ಹಾಗೆ ಎಲ್ಲರಿಗೂ ಹೇಳಿ ಮುಂದಿನ ಸೀಟಿನಲ್ಲಿ ಕೂತ.

ಅಕ್ಕಲಕೋಟದ ಸ್ಟ್ಯಾಂಡಿನಲ್ಲಿ ಬಸ್ಸು ನಿಂತಿತು. ಕಲ್ಲಣ್ಣ ಎದ್ದು, ರುಮಾಲು ಸರಿಮಾಡಿಕೊಂಡು, ಹಿಂದೆ ನೋಡಿದ. ಹೆಂಗಸರಿಬ್ಬರೂ ಕೂತೇ ಇದ್ದರು.

“ಏ, ಸಿದ್ರಾಮನ ಅವ್ವ. ಇಳಿ.”

“ಇಳಿಯಂಗಿಲ್ರಿ.”

“ಇಳಿಯಂಗಿಲ್ಲ ಅಂದ್ರ?”

“ಸೀದಾ ಸೊಲ್ಲಾಪುರಕ್ಕ ಹೋಗತೀವಿ.”

“ಸ್ವಾಮಿಗೊಳ ದಾಟಿ ಹೋಗತಿ? ತಲಿಗಿಲಿ ಕೆಟ್ಟೈತೇನ ನಿಂದು?” ಕಲ್ಲಣ್ಣನ ದನಿಯಲ್ಲಿ ಸಿಟ್ಟಿಗಿಂತ ಹೆದರಿಕೆ ಹೆಚ್ಚಿತ್ತು. “ನಮ್ಮ ಅವ್ವ ಇದ್ದಿದ್ರ...”

“ನಿಮ್ಮ ಅವ್ವ ಇದ್ದಿದ್ರ ನನ್ನ ಬಾಜೂಕ ಕುಂತು ಈಕಿ ಕೈ ಹಿಡೀತಿದ್ಲು.” ಲಕ್ಷ್ಮೀಬಾಯಿ ಎದ್ದು ನಿಂತಳು; ಸೊಸೆಯ ಮಣಿಕಟ್ಟು ಬಿಡಲಿಲ್ಲ. “ಸ್ವಾಮಿ ಗುಣಾ ಮಾಡ್ತಾರು. ಮೂರ ಸಲ ಮಾಡ್ಯಾರು. ಆದ್ರ ಸ್ವಾಮಿ ಕಾಗದ ಕೊಡಂಗಿಲ್ಲ. ಕಾಗದ ಬೇಡಿದವ್ರು ನೀವು. ಹುಡುಗಿ ಸಾಯೂವಂಗ ಒದ್ದ್ಯಾಡಿದ್ರ ನಿಮಗ ಖರೆ ಅನ್ಸಂಗಿಲ್ಲ, ಮಶೀನ ಗೀರಿದ್ರ ಖರೆ. ಹಂಗಾರ ನಡೀರಿ, ನಿಮ್ಮ ಕಣ್ಣ ಮುಂದ ಗೀರಸ್ತೀನಿ. ಇಳದ ಹೋಗವ್ರು ಹೋಗ್ರಿ.”

“ಚಲಾ, ಬಸಾ ಖಾಲೀ,” ಎಂದು ಮರಾಠಿಯಲ್ಲಿ ಎಲ್ಲರಿಗೂ ಕೂರಲು ಹೇಳಿ ಕಂಡಕ್ಟರ ಗಂಟೆಯ ಹಗ್ಗಕ್ಕೆ ಕೈ ಹಾಕಿದ. ಮುದುಕಿಯೊಬ್ಬಳು “ಅವ್ವಾ ಖರೇನ ಮಾತಾಡ್ತಾಳ ಬಿಡು,” ಎಂದಳು. ಕಲ್ಲಣ್ಣ ಬಾಗಿಲ ಮೆಟ್ಟಿಲ ಮೇಲೆ ಒಂದು ಕಾಲು ಇಟ್ಟು, ಗುಡಿಯ ದಿಕ್ಕಿಗೆ ಕೈ ಮುಗಿದು, ಕಾಲನ್ನು ಒಳಕ್ಕೆ ತೆಗೆದುಕೊಂಡ.

ಬಸ್ಸು ಹೊರಟಿತು. ಲಕ್ಷ್ಮೀಬಾಯಿ ಕೂತು, ಕಣ್ಣು ಮುಚ್ಚಿ, ಒಳಗೊಳಗೇ ಸ್ವಾಮಿಯ ಕ್ಷಮೆ ಬೇಡಿಕೊಂಡಳು. ಬೆರಳಿನ ಕೆಳಗೆ ಆ ಹುಚ್ಚು ಓಟ ಓಡುತ್ತಲೇ ಇತ್ತು.

ಡಾಕ್ಟರಬಾಯಿ ಹೇಳಿದ್ದಳಲ್ಲ, ಮಾತು ತೊದಲಿದರೆ ಎಂದು. ಅದಕ್ಕೆ ಲಕ್ಷ್ಮೀಬಾಯಿ ಸೊಸೆಯನ್ನು ಮಾತಾಡಿಸುತ್ತಲೇ ಕೂತಳು.

“ನಾಳಿ ಭಜ್ಜಿ ಪಲ್ಯಾಕ ಏನೇನ ಹಾಕ್ತಿ, ಹೇಳು.”

“ಹಸಿ ಕಡ್ಲಿ... ತೊಗರಿಕಾಳ... ಅವರಿಕಾಳ. ಮೆಂತೆ. ಗಜ್ಜರಿ.”

“ಹುಣಸಿಹುಳಿ ಮರತಿ.”

“ಮರತಿಲ್ರಿ. ನೀವ ನಡುವ ಬಾಯಿ ಹಾಕಿದ್ರಿ.”

“ಆಹಾ, ಬಾಯಿ ನೋಡು! ಎದಿ ಓಡಿದ್ರೂ ಬಾಯಿ ಅದಕ್ಕೂ ಮುಂದ ಓಡತೈತಿ.” ನಕ್ಕಳು. ನಕ್ಕ ಬಾಯಿಯ ಹಿಂದೆ ಹಲ್ಲು ಕಚ್ಚಿಕೊಂಡಿದ್ದಳು. “ನಿಮ್ಮ ನಾಗಣಸೂರದಾಗ ಭಜ್ಜಿಗೆ ಬೆಲ್ಲ ಹಾಕ್ತಾರಂತಲ್ಲ, ಖರೇನೇನ?”

“ಸುಳ್ಳರಿ. ಅದು ನಿಮ್ಮ ಮೈಂದರ್ಗಿಯವ್ರು ಕಟ್ಟಿದ್ದು.”

ವಳಸಂಗ ಬಂತು. ಅಲ್ಲಿ ಬಸ್ಸು ನಿಂತು, ಕಬ್ಬಿನ ಜಲ್ಲೆಯ ಹೊರೆ ಹೊತ್ತವರನ್ನು ಹತ್ತಿಸಿಕೊಂಡು, ಮತ್ತೆ ಹೊರಡುವಷ್ಟರಲ್ಲಿ ದೀಪಾಲಿಯ ಹಣೆಯ ಮೇಲೆ ಬೆವರು ಕೂತಿತ್ತು. ಆ ಥಂಡಿಯಲ್ಲಿ. ಅವಳು ತಲೆಯನ್ನು ಅತ್ತೆಯ ಹೆಗಲಿಗೆ ಒರಗಿಸಿದಳು.

“ಅತ್ತಿ, ಸಾಕ್ರಿ. ನೀರ ಹಾಕ್ರಿ. ನನ್ನ ನಾಗಣಸೂರಕ್ಕ ಕಳಸ್ರಿ ಬೇಕಾದ್ರ. ನನಗ ಸಾಕಾಗೇತಿ.”

ತೊಡೆಯ ಮೇಲೆ ತಂಬಿಗೆ ಇತ್ತು. ಒಂದು ಗಂಟು. ಒಂದು ಗಂಟು ಬಿಚ್ಚಿ, ಒದ್ದೆ ಅರಿವೆ ಮುಖಕ್ಕೆ ಹಾಕಿದರೆ ಈ ಕೂಸಿನ ತ್ರಾಸ ಮುಗಿಯುತ್ತದೆ. ನಾನೇನು ಕಟುಕಿಯೋ, ಒಂದು ಗೀರಿನ ಆಸೆಗೆ ಹೆಣ್ಣುಮಗಳನ್ನು ಹೀಗೆ ಕೂಡಿಸಿಕೊಂಡಿದ್ದೇನೆ? ಗಂಡಸರು ಕೇಳುವ ಪುರಾವೆಯನ್ನು ಹೆಂಗಸರು ತಮ್ಮ ಮೈ ಸುಟ್ಟೇ ಯಾಕೆ ತರಬೇಕು? ಲಕ್ಷ್ಮೀಬಾಯಿಯ ಕಣ್ಣು ತುಂಬಿ ಗಂಟು ಕಾಣದಾಯಿತು. ಬೆರಳಿಗೆ ಸಿಕ್ಕಿತು. ಬಿಚ್ಚತೊಡಗಿದಳು.

“ಕಣ್ಣಿಗಿ ಕತ್ತಲಿ ಬರತೈತೇನವ್ವ? ಎದಿ ನೋಯತೈತಿ?”

ದೀಪಾಲಿ ಕಣ್ಣು ತೆರೆದು ಅತ್ತೆಯ ಮುಖ ನೋಡಿದಳು. ಆಮೇಲೆ ತನ್ನ ಕೈಯನ್ನು ಗಂಟಿನ ಮೇಲೆ ಇಟ್ಟಳು.

“ಇಲ್ರಿ. ದಣಿವ ಅಷ್ಟ. ಬ್ಯಾಡ್ರಿ, ಬಿಚ್ಚಬ್ಯಾಡ್ರಿ. ಕುಂಭಾರಿ ಬಂತು, ಇನ್ನ ಸೊಲ್ಲಾಪುರನ.”

ದವಾಖಾನೆಯ ತುರ್ತು ವಿಭಾಗದಲ್ಲಿ ಶರ್ವರಿ ಇರಲಿಲ್ಲ. ಹಿಂದಿನ ರಾತ್ರಿ ಪಾಳಿ ಮುಗಿಸಿ ಹೋಗಿದ್ದಳು. ಟೇಬಲ್ಲಿನ ಹಿಂದೆ ಡಾಕ್ಟರ ದಿಗಂಬರ. ಕನ್ನಡಕದ ಮೇಲಿಂದ ನೋಡಿದರು.

“ಪುನ್ಹಾ ಬಂದ್ರ್ಯಾ ಮಾವಶಿ? ಪೇಶಂಟು ನಡಕೋತ ಬಂದಾಳ. ಅಲ್ಲೆ ಬಾಕಿನ ಮ್ಯಾಲ ಕುಂಡ್ರಿ, ಕೇಸ್ ಪೇಪರ ಮಾಡಸ್ರಿ.”

ಲಕ್ಷ್ಮೀಬಾಯಿ ಚಿಠ್ಠಿ ತೆಗೆಯಲಿಲ್ಲ. ಟೇಬಲ್ ಸುತ್ತಿ ಹೋಗಿ, ಅವರ ಬಲಗೈಯನ್ನೇ ಹಿಡಿದು, ಎರಡು ಬೆರಳನ್ನು ಸೊಸೆಯ ಮಣಿಕಟ್ಟಿನ ಮೇಲೆ ಒತ್ತಿದಳು.

“ಪೇಪರ ಆಮ್ಯಾಲ ಓದ್ರಿ ಸಾಹೇಬ್ರ. ಮೊದಲ ಇದನ್ನ ಓದ್ರಿ.”

ಹಳ್ಳಿಯ ಹೆಂಗಸು ಕೈ ಹಿಡಿದದ್ದಕ್ಕೆ ಬಂದ ಸಿಟ್ಟು ಡಾಕ್ಟರರ ಮುಖದ ಮೇಲೆ ಅರ್ಧ ದಾರಿಯಲ್ಲೇ ನಿಂತುಹೋಯಿತು. ಅವರು ಎದ್ದರು. ಕುರ್ಚಿ ಹಿಂದೆ ಬಿತ್ತು.

“ಸುಮಿತ್ರಾಬಾಯಿ! ಎರಡನೇ ಬೆಡ್. ಇಸಿಜಿ ತರ್ರಿ, ಮೊದಲ ಅದು!”

ಸಿಸ್ಟರ್ ಸುಮಿತ್ರಾಬಾಯಿ ಯಂತ್ರದ ಗಾಲಿ ಉರುಳಿಸಿಕೊಂಡು ಬಂದಳು. ಒಬ್ಬರು ಮೂಗಿಗೆ ಆಕ್ಸಿಜನ್ ಹಚ್ಚಿದರು, ಒಬ್ಬರು ತೋಳಿಗೆ ಬಿಪಿ ಪಟ್ಟಿ ಸುತ್ತಿದರು, ಮೊಣಕೈಯ ಮಡಿಕೆಯಲ್ಲಿ ಸೂಜಿ ಹೋಯಿತು. “ಬಿಪಿ ನೂರಕ್ಕ ಸ್ವಲ್ಪ ಕಡಿಮಿ ಅದ ಸರ್, ಆದ್ರ ಮಾತಾಡ್ತಾಳ,” ಎಂದಳು ಸಿಸ್ಟರ್. ಬಿಪಿ ಬಿದ್ದರೆ ಇರಲಿ ಎಂದು ಶಾಕ್ ಕೊಡುವ ಪೆಟ್ಟಿಗೆಯನ್ನು ಹಾಸಿಗೆಯ ಬದಿಗೆ ತಂದು ನಿಲ್ಲಿಸಿದರು. ಯಂತ್ರ ಗುಂಯ್ ಎಂದು ಕಾಗದ ಉಗುಳತೊಡಗಿತು.

ಹಿಂದಿನ ಎರಡು ಸಲ ಹೊಲದ ಬದುವಿನಂತೆ ಆರಾಮಾಗಿ ಹೋಗಿದ್ದ ಗೆರೆ ಈಗ ಗರಗಸ. ಸಣ್ಣ ಸಣ್ಣ ಚೂಪು ಹಲ್ಲು, ಒಂದಕ್ಕೊಂದು ಒತ್ತಿ, ಎಲ್ಲ ಒಂದೇ ಅಳತೆ. ಡಾಕ್ಟರ ದಿಗಂಬರ ಅದನ್ನು ಎರಡೂ ಕೈಯಲ್ಲಿ ಹಿಡಿದು ಎಣಿಸಿದರು.

“ಮಿನಿಟಿಗೆ ನೂರಾ ತೊಂಬತ್ತೆರಡು,” ಎಂದರು ಮೆಲ್ಲಗೆ. ಆಗಲೇ ಲಕ್ಷ್ಮೀಬಾಯಿ ಶರ್ವರಿಯ ಚಿಠ್ಠಿ ಕೊಟ್ಟಳು. ಓದಿದರು. ಓದಿ ಮಡಿಸಿ ಜೇಬಿನಲ್ಲಿ ಇಟ್ಟುಕೊಂಡರು. “ಮಾವಶಿ, ಈಗ ನಿಮ್ಮ ನೀರ ಹಾಕ್ರಿ.”

ತಂಬಿಗೆಯ ಗಂಟು ಬಿಚ್ಚಿತು. ಒದ್ದೆ ಅರಿವೆಯನ್ನು ಸೊಸೆಯ ಹಣೆ, ಕಣ್ಣು, ಕೆನ್ನೆಯ ಮೇಲೆ ಹಾಸಿ ಲಕ್ಷ್ಮೀಬಾಯಿ ಒತ್ತಿದಳು. “ಉಸರ ಹಿಡಿ. ಹೊಟ್ಟಿ ಒತ್ತು. ಒಂದ... ಎರಡ...” ಹನ್ನೊಂದಾಯಿತು. ಗರಗಸ ನಿಲ್ಲಲಿಲ್ಲ. ಮತ್ತೊಮ್ಮೆ. ನಿಲ್ಲಲಿಲ್ಲ.

ಲಕ್ಷ್ಮೀಬಾಯಿ ಅರಿವೆಯನ್ನು ಮತ್ತೆ ತಂಬಿಗೆಯಲ್ಲಿ ಅದ್ದಿದಳು. “ನಾನ ತಡಾ ಮಾಡಿದೆ. ಅಕ್ಕಲಕೋಟದಾಗ ಇಳದಿದ್ರ ನಿಂತ ಬಿಡತಿತ್ತು. ನಾನ, ನಾನ...”

“ನೀವು ತಡಾ ಮಾಡಿಲ್ಲ,” ಎಂದರು ಡಾಕ್ಟರ. ಗೆರೆಯಿಂದ ಕಣ್ಣು ತೆಗೆಯದೆ ಇನ್ನೊಂದು ಮಾತು ಸೇರಿಸಿದರು: “ತಡಾ ಮಾಡಿದವ ಬ್ಯಾರೆ ಇದ್ದಾನ, ಟೆನ್ಶನ್ ಅಂತ ಬರದವ.”

ಕಪಾಟಿನಿಂದ ಸಣ್ಣ ಶೀಶೆ ತೆಗೆಸಿದರು. ಆ ಇಂಜೆಕ್ಷನ್ ಆಗ ಸೊಲ್ಲಾಪುರಕ್ಕೆ ಹೊಸತು. ಶರ್ವರಿ ಹಟ ಹಿಡಿದು ತರಿಸಿಟ್ಟಿದ್ದಳು. ಡಾಕ್ಟರ ಹಾಸಿಗೆಯ ಮೇಲೆ ಬಗ್ಗಿದರು.

“ತಂಗಿ, ಕೇಳು. ಇದು ಕೊಟ್ಟ ಕೂಡ್ಲೆ ಐದಾರ ಸೆಕೆಂಡು ಎದಿ ನಿಂತಂಗ ಆಗತದ. ಉಸರ ಕಟ್ಟಿದಂಗ, ಸತ್ತೇ ಹೋದೆ ಅನ್ನೂವಂಗ ಆಗತದ. ಅಂಜಬ್ಯಾಡ. ಹೊಳ್ಳಿ ಬರತದ. ಅತ್ತಿ ಕೈ ಹಿಡಕೊ.”

ಕೈ ಆಗಲೇ ಹಿಡಿದಾಗಿತ್ತು. ಡಾಕ್ಟರ ಔಷಧವನ್ನು ಒಮ್ಮೆಲೇ ಒಳಗೆ ತಳ್ಳಿದರು. ಅದರ ಬೆನ್ನಿಗೇ ಸಲೈನು. ಸುಮಿತ್ರಾಬಾಯಿ ಹುಡುಗಿಯ ತೋಳನ್ನು ಮೇಲೆತ್ತಿ ಹಿಡಿದಳು.

ಲಕ್ಷ್ಮೀಬಾಯಿಯ ಒಂದು ಕೈ ಸೊಸೆಯ ಮಣಿಕಟ್ಟಿನ ಮೇಲಿತ್ತು. ಇನ್ನೊಂದು ಕೈ ಅವಳಿಗೇ ಗೊತ್ತಿಲ್ಲದೆ ಹಾಸಿಗೆಯ ಅಂಚಿನ ಮೇಲೆ ಬಡಿಯುತ್ತಿತ್ತು, ಬೆರಳಿಗೆ ಸಿಕ್ಕ ಓಟದ ಜೊತೆಜೊತೆಗೆ. ಪಟಪಟಪಟಪಟ.

ನಿಂತಿತು.

ಬಡಿಯಲು ಎತ್ತಿದ ಕೈ ಗಾಳಿಯಲ್ಲಿ ಉಳಿಯಿತು. ಮಣಿಕಟ್ಟಿನಲ್ಲಿ ಏನೂ ಇಲ್ಲ. ದೀಪಾಲಿಯ ಕಣ್ಣು ದೊಡ್ಡದಾಗಿ ತೆರೆದವು, ಬಾಯಿ ತೆರೆಯಿತು. ಯಂತ್ರದಿಂದ ಬರುತ್ತಿದ್ದ ಕಾಗದದ ಮೇಲೆ ಒಂದು ಬೋಳು ಗೆರೆ, ಸಾರಿಸಿದ ನೆಲದ ಹಾಗೆ. ಎಷ್ಟು ಉದ್ದ! ಐವತ್ತೆಂಟು ವರ್ಷದಲ್ಲಿ ಲಕ್ಷ್ಮೀಬಾಯಿ ಕಂಡ ಯಾವ ದಾರಿಯೂ ಅಷ್ಟು ಉದ್ದ ಇರಲಿಲ್ಲ.

ಆಮೇಲೆ ಬೆರಳಿನ ಕೆಳಗೆ ಒಂದು ಮಿಡಿತ. ಸುಮ್ಮನೆ. ಇನ್ನೊಂದು. ನಡುವೆ ಬೇಕಾದಷ್ಟು ಜಾಗ. ಗಾಳಿಯಲ್ಲಿ ನಿಂತಿದ್ದ ಕೈ ಕೆಳಗಿಳಿದು, ಆ ಹೊಸ ಅಳತೆಗೆ, ಹಾಸಿಗೆಯನ್ನು ಮೆಲ್ಲಗೆ ತಟ್ಟತೊಡಗಿತು. ಕೂಸನ್ನು ಮಲಗಿಸುವ ಹಾಗೆ.

“ಎಪ್ಪತ್ತೆಂಟು,” ಎಂದರು ಡಾಕ್ಟರ.

“ಅತ್ತಿ,” ಎಂದಳು ದೀಪಾಲಿ, ಅಳುತ್ತ ನಗುತ್ತ, “ನೀವ ನನ್ನ ಕೈ ಮುರದಿರಿ.”

ಡಾಕ್ಟರ ದಿಗಂಬರ ಹೊಸ ಕಾಗದದ ಮೇಲೆ ಎಲ್ಲ ಬರೆದರು. ದಿನಾ ಒಂದು ಗುಳಿಗೆ. ಎದೆ ಓಡಿದರೆ ಮೊದಲು ಮನೆಯಲ್ಲೇ ತಣ್ಣೀರು, ಉಸಿರು. ಕಾಲು ತಾಸಿನಲ್ಲಿ ನಿಲ್ಲದಿದ್ದರೆ ದವಾಖಾನೆ. ಮಕ್ಕಳು ಮರಿಗೆ ಅಡ್ಡಿಯಿಲ್ಲ. ಮುಂದೆ ಮುಂಬಯಿಗೆ ಹೋದರೆ ಆ ಹೆಚ್ಚಿನ ದಾರಿಯನ್ನೇ ಸುಟ್ಟು ಮುಚ್ಚುವವರಿದ್ದಾರೆ. ಬರೆದು ಕೊಟ್ಟ ಮೇಲೂ ಲಕ್ಷ್ಮೀಬಾಯಿ ಹೋಗಲಿಲ್ಲ. ಚೀಲದಿಂದ ಹಳೆಯ ಎರಡು ಪೇಪರು ತೆಗೆದು ಟೇಬಲ್ಲಿನ ಮೇಲೆ ಹಾಸಿದಳು.

“ಇದರಾಗ ಟೆನ್ಶನ್ ಅಂತ ಬರದೈತಂತ. ಸೊಸಿ ಓದಿ ಹೇಳ್ಯಾಳ. ಅದನ್ನ ಹೊಡದು ಹಾಕ್ರಿ.”

ಡಾಕ್ಟರ ಅವನ್ನು ಹತ್ತಿರ ಎಳೆದುಕೊಂಡರು. ಆಮೇಲೆ ಪೆನ್ನು ತೆಗೆದು, ಎರಡೂ ಪೇಪರಿನ ಮೇಲೆ ಆ ಶಬ್ದಕ್ಕೆ ಗೆರೆ ಎಳೆದು, ಪಕ್ಕದಲ್ಲಿ ಸಹಿ ಮಾಡಿದರು.

ಬಾಗಿಲ ಹತ್ತಿರ ನಿಂತಿದ್ದ ಕಲ್ಲಣ್ಣ ಈಗ ಮುಂದೆ ಬಂದ. ಗರಗಸದ ಕಾಗದ ಇಸಿದುಕೊಂಡು ತಿರುವು ಮುರುವು ಹಿಡಿದು ನೋಡಿದ.

“ಹಂಗಾರ ಖರೇನ ಬ್ಯಾನಿ ಐತಿ ಅನ್ರಿ.”

“ಅದ,” ಎಂದರು ಡಾಕ್ಟರ.

“ಅಂದ್ರ ಬಸಣ್ಣ ಬ್ಯಾನಿ ಮುಚ್ಚಿಟ್ಟು ಮಗಳನ್ನ ಕೊಟ್ಟಾನ. ಇದು ಮೋಸ ಅಲ್ಲೇನ್ರಿ?”

ಲಕ್ಷ್ಮೀಬಾಯಿ ಗಂಡನನ್ನು ನೋಡಿದಳು. ಕಾಗದ ಇಲ್ಲದಾಗ ಸೋಂಗ, ಕಾಗದ ಬಂದಾಗ ಮೋಸ. ಎರಡೂ ದಾರಿಯ ಕೊನೆಗೆ ನಾಗಣಸೂರವನ್ನೇ ನಿಲ್ಲಿಸಿಟ್ಟ ಮೇಲೆ ಹುಡುಗಿ ಯಾವ ಕಡೆಯಿಂದ ಬಂದರೇನು! ಅವಳಿಗೆ ಕೂಗಬೇಕೆನಿಸಿತು. ಆದರೆ ಹೊರಬಂದ ದನಿ ಒಲೆಯ ಮುಂದೆ ಮಾತಾಡುವಷ್ಟೇ ಸಣ್ಣದು.

“ಹುಟ್ಟಿದಾಗಿಂದ ಎದಿಯೊಳಗ ಇದ್ದದ್ದು ಅಕಿಗೇ ಗೊತ್ತಿಲ್ಲ, ಬಸಣ್ಣ ಏನ ಮುಚ್ಚಿಡ್ತಾನ್ರಿ? ಒಂದ ಕಾಗದ ಕೊಟ್ರ ಬಾಯಿ ಮುಚ್ತೀನಿ ಅಂದಿದ್ರಿ. ಕೊಟ್ಟೀನಿ. ಈಗ ನನ್ನ ಮಾತ ಕೇಳ್ರಿ. ಅಕಿ ನಾಗಣಸೂರಕ್ಕ ಹೋದ ದಿನ ನಾನೂ ಅದ ಬಸ್ಸಿಗೆ ಹೋಗತೀನಿ. ಬಸಣ್ಣನ ಮನ್ಯಾಗ ಇಬ್ರೂ ಕುಂತು ರೊಟ್ಟಿ ಬಡೀತೀವಿ. ಇಲ್ಲಿ ನಿಮ್ಮ ರೊಟ್ಟಿ ನೀವ ಬಡಕೋರಿ. ಅಪ್ಪಾ ಮಗಾ ಎದರಾಬದರ ಕುಂದರ್ರಿ. ಚಂದ ಕಾಣತೈತಿ.”

ಸುಮಿತ್ರಾಬಾಯಿ ಮುಖ ತಿರುಗಿಸಿ ನಕ್ಕಳು. ಕಲ್ಲಣ್ಣ ಕಾಗದವನ್ನು ಹೆಂಡತಿಯ ಕೈಗೆ ಕೊಟ್ಟು, ರುಮಾಲು ತೆಗೆದು, ಮತ್ತೆ ಕಟ್ಟಿಕೊಂಡು, ಹೊರಗೆ ಹೋದ.

ಮೂರು ತಾಸು ಇಟ್ಟುಕೊಂಡು ನೋಡಿ ಬಿಟ್ಟರು. ಇಳಿಹೊತ್ತಿನ ಬಸ್ಸಿನಲ್ಲಿ ದೀಪಾಲಿ ಅತ್ತೆಯ ಹೆಗಲ ಮೇಲೆ ನಿದ್ದೆ ಹೋದಳು. ಲಕ್ಷ್ಮೀಬಾಯಿಯ ಬೆರಳು ಇನ್ನೂ ಆ ಮಣಿಕಟ್ಟಿನ ಮೇಲೇ ಇದ್ದವು. ಹಿಡಿಯುವ ಕೆಲಸ ಮುಗಿದಿತ್ತು, ಬಿಡಲು ಮನಸ್ಸಿರಲಿಲ್ಲ. ಕಲ್ಲಣ್ಣ ಮುಂದಿನ ಸೀಟಿನಲ್ಲಿ ಕೂತಿದ್ದ.

ಅಕ್ಕಲಕೋಟದ ಸ್ಟ್ಯಾಂಡು ಬಂತು. ಕಲ್ಲಣ್ಣ ಎದ್ದ.

“ಅಕಿ ಮಲಗ್ಯಾಳ್ರಿ,” ಎಂದಳು ಲಕ್ಷ್ಮೀಬಾಯಿ. “ಎಬ್ಬಸಂಗಿಲ್ಲ ನಾ.”

ಅವನು ಅವಳ ತೊಡೆಯ ಮೇಲಿದ್ದ ಖಾಲಿ ತಂಬಿಗೆ ತೆಗೆದುಕೊಂಡು ಕೆಳಗಿಳಿದ. ಕಿಟಕಿಯಿಂದ ಲಕ್ಷ್ಮೀಬಾಯಿ ನೋಡಿದಳು. ಸ್ಟ್ಯಾಂಡಿನ ನಳದ ಮುಂದೆ ನಿಂತು ಕಲ್ಲಣ್ಣ ಬೊಗಸೆ ಬೊಗಸೆ ನೀರು ಮುಖಕ್ಕೆ ಹೊಡೆದುಕೊಂಡ. ಗುಡಿಯ ದಿಕ್ಕಿಗೆ ತಿರುಗಿ, ಉಸಿರು ಬಿಗಿಹಿಡಿದು, ಜನ ಓಡಾಡುವ ಆ ನೆಲಕ್ಕೇ ಬಗ್ಗಿ ಹಣೆ ಹಚ್ಚಿದ. ನಡುವೆ ಉಸಿರು ಬಿಟ್ಟನೇನೋ, ಎದ್ದವನು ಮತ್ತೆ ಬಗ್ಗಿದ. ಕಂಡಕ್ಟರ ಗಂಟೆ ಹೊಡೆದ. ಕಲ್ಲಣ್ಣ ತಂಬಿಗೆ ತುಂಬಿಕೊಂಡು, ಮೀಸೆಯಿಂದ ನೀರು ತೊಟ್ಟಿಕ್ಕಿಸುತ್ತ, ಓಡಿ ಬಂದು ಹತ್ತಿದ.

“ಹಿಡಿ,” ಎಂದು ತಂಬಿಗೆ ಕೊಟ್ಟ. “ಮನ್ಯಾಗ ಇದೊಂದು ಬ್ಯಾರೆ ತುಂಬಿ ಇಡತಾ ಹೋಗು. ಯಾವಾಗ ಬೇಕಾಗತೈತೋ.”

ಲಕ್ಷ್ಮೀಬಾಯಿ ಅರಿವೆ ಕಟ್ಟಿದಳು. ಕಲ್ಲಣ್ಣ ಕೂರಲಿಲ್ಲ. ಮುಂದಿನ ಸೀಟಿನ ಕಂಬಿ ಹಿಡಿದು, ಕಿಟಕಿಯ ಆಚೆ ನೋಡುತ್ತ ಹೇಳಿದ:

“ನಾಳಿ ಬಸಣ್ಣ ಬರ್ಲಿ. ಹೊಲದಾಗ ಹೊಟ್ಟಿ ತುಂಬ ಉಣ್ಲಿ.” ಮೀಸೆಯ ನೀರು ಒರೆಸಿಕೊಂಡ. “ಉಂಡು ಒಬ್ಬನ ಹೋಗ್ಲಿ.”

ಲಕ್ಷ್ಮೀಬಾಯಿ ಸೊಸೆಯನ್ನು ಎಬ್ಬಿಸದ ಹಾಗೆ ಕಿಟಕಿಯ ಕಡೆ ಸರಿದು, ಪಕ್ಕದಲ್ಲಿ ಅವನಿಗೆ ಜಾಗ ಮಾಡಿಕೊಟ್ಟಳು. ಒಂದು ಬುಟ್ಟಿ ರೊಟ್ಟಿ ಇನ್ನೂ ಬಡಿಯುವುದಿತ್ತು.